ತಡ ಮಾಡಿದ್ದು ಯಾರು ಅಂತ ಕೇಳೋಣ



ಸ್ವಲ್ಪ ಉದ್ದದ ಪೋಸ್ಟ್, ಸಮಾಧಾನದಿಂದ ಓದಿ. ಕೋರ್ಟಿನ ವಿಷಯ. ಭೂಮಿ ಹೋರಾಟ ಅಂದ ಕೂಡಲೇ ನಮಗೆ ತಹಶೀಲ್ದಾರ್ ಕಚೇರಿ, ಎಸಿ ಕಚೇರಿ, ಡಿಸಿ ಕಚೇರಿ ನೆನಪಾಗುತ್ತವೆ. ಅಲ್ಲಿ ಧರಣಿ ಕೂರ್ತೀವಿ, ಮನವಿ ಕೊಡ್ತೀವಿ, ಸ್ವೀಕೃತಿ ಕೇಳಿ ತಗೊಳ್ತೀವಿ. ಆದರೆ "ಅದು ಕೋರ್ಟಿನಾಗ ಐತೆ" ಅಂತ ಯಾರಾದರೂ ಅಂದರೆ ಮುಗೀತು. ಆ ಜಮೀನು ನಮ್ಮ ಹೋರಾಟದ ಪಟ್ಟಿಯಿಂದಲೇ ಹೊರಗೆ ಹೋಗುತ್ತೆ. ಕಾನಹೊಸಹಳ್ಳಿ ಸುತ್ತಮುತ್ತಲಿನ ಊರುಗಳಲ್ಲಿ, ಕೂಡ್ಲಿಗಿ, ಕೊಟ್ಟೂರು, ಹರಪನಹಳ್ಳಿ ಕಡೆಯ ನಮ್ಮ ಕೇರಿಗಳಲ್ಲಿ ಹೀಗೆ "ಕೋರ್ಟಿನಾಗ" ಇರುವ ಹೊಲಗಳು ಎಷ್ಟಿವೆ ಅಂತ ನಮ್ಮ ಯಾವ ಸಂಘಟನೆಯ ಬಳಿಯೂ ಲೆಕ್ಕ ಇಲ್ಲ. ಅದರ ಬಗ್ಗೆ ಮಾತಾಡಬೇಕು.

ಮೊದಲು ಒಂದು ತಾರತಮ್ಯ ನೋಡಿ. ನಾವು ತಡ ಮಾಡಿದರೆ ಅದಕ್ಕೆ ಕಾನೂನಿನಲ್ಲಿ ಪಕ್ಕಾ ಲೆಕ್ಕ ಇದೆ. ತೀರ್ಪಿನ ಮೇಲೆ ಜಿಲ್ಲೆಯೊಳಗಿನ ಮೇಲ್ಮನವಿ ಕೋರ್ಟಿಗೆ ಹೋಗಲು 30 ದಿನ, ಹೈಕೋರ್ಟಿಗೆ ಹೋಗಲು 90 ದಿನ. ಅಪೀಲು ನಡೆಯುವಾಗ ಕಕ್ಷಿದಾರ ಸತ್ತರೆ ಅವನ ವಾರಸುದಾರರನ್ನು ದಾಖಲೆಗೆ ತರಲು 90 ದಿನ. ಆ ಗಡುವು ದಾಟಿದರೆ ಸತ್ತವನ ಮಟ್ಟಿಗೆ ಅಪೀಲು ತಾನಾಗಿಯೇ ಬಿದ್ದುಹೋಗುತ್ತೆ. ಎತ್ತಿ ನಿಲ್ಲಿಸಬೇಕು ಅಂದರೆ ಇನ್ನೊಂದು ಅರ್ಜಿ, ತಡಕ್ಕೆ ಕಾರಣ ಹೇಳುವ ಪ್ರಮಾಣಪತ್ರ, ಎದುರಿನವರ ತಕರಾರು.

ಪಿಟಿಸಿಎಲ್ ಕಾಯ್ದೆಯ ಕಥೆ ನಿಮಗೆ ಗೊತ್ತೇ ಇದೆ. 1978ರ ಕಾಯ್ದೆ, 1979ರ ಜನವರಿ 1ರಿಂದ ಜಾರಿ. ಸರ್ಕಾರ ದಲಿತರಿಗೆ ಮಂಜೂರು ಮಾಡಿದ ಭೂಮಿಯನ್ನು ಷರತ್ತು ಮುರಿದು ಬೇರೆಯವರು ಬರೆಸಿಕೊಂಡಿದ್ದರೆ ವಾಪಸ್ ಕೊಡಿಸುವ ಕಾಯ್ದೆ. 1984ರಲ್ಲಿ ಮಂಚೇಗೌಡ ಪ್ರಕರಣದಲ್ಲಿ ಸುಪ್ರೀಂ ಕೋರ್ಟೇ ಅದನ್ನು ಎತ್ತಿ ಹಿಡಿಯಿತು. ಅರ್ಜಿ ಹಾಕಲು ಕಾಯ್ದೆಯಲ್ಲಿ ಗಡುವೇ ಇರಲಿಲ್ಲ. ಆದರೂ 2017ರಲ್ಲಿ ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ ಅದೇ ಸುಪ್ರೀಂ ಕೋರ್ಟು ಅರ್ಜಿಯನ್ನು ಸಮಂಜಸ ಅವಧಿಯಲ್ಲಿ ಹಾಕಬೇಕು ಅಂದಿತು. ಆಮೇಲೆ ಎಸಿ ಕೋರ್ಟಿನಿಂದ ಹೈಕೋರ್ಟಿನವರೆಗೆ ಎಷ್ಟು ಅರ್ಜಿಗಳು "ತಡವಾಗಿ ಬಂದಿದ್ದೀರಿ" ಎಂಬ ಒಂದೇ ಮಾತಿಗೆ ಬಿದ್ದವು ಅನ್ನೋದನ್ನ ಹೋರಾಟದಲ್ಲಿ ಇದ್ದವರೆಲ್ಲ ಕಂಡಿದ್ದಾರೆ. ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ ನಮ್ಮವರು ತಿಂಗಳುಗಟ್ಟಲೆ ಕೂತ ಮೇಲೆ 2023ರಲ್ಲಿ ತಿದ್ದುಪಡಿ ಬಂತು, ಕಾಲಮಿತಿ ಅನ್ವಯಿಸಲ್ಲ ಅಂತ ಬರೆದರು. ಬರೆದ ಮೇಲೂ 2024ರಲ್ಲಿ ನಮ್ಮ ಹೈಕೋರ್ಟಿನ ವಿಭಾಗೀಯ ಪೀಠ, ಕಾಲಮಿತಿ ಬೇರೆ, ವಿಪರೀತ ವಿಳಂಬ ಬೇರೆ, ಎರಡನೆಯದನ್ನು ಈಗಲೂ ನೋಡಬಹುದು ಅಂದಿತು.

ಸರಿ, ನಮ್ಮ ತಡದ ಲೆಕ್ಕ ಹೀಗಿದೆ. ಕೋರ್ಟು ತಡ ಮಾಡಿದರೆ? ಅದಕ್ಕೆ ಸಿಗೋದು ಮುಂದಿನ ತಾರೀಕು ಮಾತ್ರ.

ನನಗೆ ಹತ್ತಿರದಿಂದ ಗೊತ್ತಿರುವ ಒಂದು ಅಪೀಲಿನ ಬಗ್ಗೆ ಹೇಳ್ತೀನಿ. ಊರಿನ ಹೆಸರು, ಕೋರ್ಟಿನ ಹೆಸರು ಬೇಡ, ಕೇಸು ಇನ್ನೂ ನಡೀತಿದೆ. ನಮ್ಮ ಕಡೆಯ ಒಬ್ಬ ಅವ್ವ. ಎರಡು ಎಕರೆ ಚಿಲ್ಲರೆ ಮಳೆಯಾಶ್ರಿತ ಹೊಲ. ಪಕ್ಕದ ದೊಡ್ಡ ಹಿಡುವಳಿಯವರು ಬದು ಒಡೆದು ಸೇರಿಸಿಕೊಂಡಿದ್ದರು. ಅವ್ವನ ಗಂಡ ದಾವೆ ಹೂಡಿ, ಸಾಕ್ಷಿ ಹೇಳಿಸಿ, ಏಳು ವರ್ಷ ಓಡಾಡಿ ಗೆದ್ದ. ಹೊಲ ಇವರದು, ಸ್ವಾಧೀನ ಬಿಟ್ಟುಕೊಡಬೇಕು ಅಂತ ಡಿಕ್ರಿ ಆಯ್ತು. ಎದುರಿನವರು ಅಪೀಲು ಹಾಕಿದರು, ಡಿಕ್ರಿ ಅಮಲ್ಜಾರಿಗೆ ಸ್ಟೇ ತಂದರು. ಅದಾಗಿ ಹನ್ನೊಂದು ವರ್ಷ. ಅಪೀಲಿನ ವಾದ ಇನ್ನೂ ಶುರುವಾಗಿಲ್ಲ.

ಹನ್ನೊಂದು ವರ್ಷ ಏನಾಯ್ತು ಅಂತ ತಿಳಿಯೋಕೆ ಆರ್ಡರ್ ಶೀಟಿನ ದೃಢೀಕೃತ ನಕಲು ತೆಗೆಸಿದೆವು. ನಾನು ಕಚೇರಿ ಗುಮಾಸ್ತ, ಟಿಪ್ಪಣಿ ಹಾಳೆ ಓದೋದು ನನ್ನ ಹೊಟ್ಟೆಪಾಡು. ಆದರೂ ಅಂಥ ಟಿಪ್ಪಣಿ ಹಾಳೆ ನಾನು ಓದಿರಲಿಲ್ಲ. ಕೆಳಗಿನ ಕೋರ್ಟಿನ ದಾಖಲೆ ಬಂದಿಲ್ಲ, ಮುಂದಕ್ಕೆ. ದಾಖಲೆ ಬಂದಿದೆ, ವಕೀಲರು ಸಮಯ ಕೇಳಿದ್ದಾರೆ, ಮುಂದಕ್ಕೆ. ನ್ಯಾಯಾಧೀಶರು ರಜೆಯಲ್ಲಿದ್ದಾರೆ. ವಕೀಲರು ಕಲಾಪದಿಂದ ಹೊರಗುಳಿದಿದ್ದಾರೆ. ನ್ಯಾಯಾಧೀಶರಿಗೆ ವರ್ಗಾವಣೆ ಆಗಿದೆ. ಹೊಸಬರು ಬಂದಿದ್ದಾರೆ, ವಾದಕ್ಕೆ ಇಡಿ. ವಾದಕ್ಕೆ ಇಟ್ಟ ದಿನ ಹೆಚ್ಚುವರಿ ದಾಖಲೆ ಹಾಜರುಪಡಿಸುವ ಅರ್ಜಿ. ಆ ಅರ್ಜಿಗೆ ತಕರಾರು ಹಾಕಲು ಸಮಯ. ನೂರರ ಹತ್ತಿರ ವಾಯಿದೆ, ಅದರಲ್ಲಿ ಕೇಸಿನ ತಿರುಳಿನ ಬಗ್ಗೆ ಒಂದು ಸಾಲೂ ಇಲ್ಲ.

ನಡುವೆ ಅವ್ವನ ಗಂಡ ತೀರಿಕೊಂಡ. ವಾರಸುದಾರರನ್ನು ದಾಖಲೆಗೆ ತರಬೇಕಾದವರು ಅಪೀಲು ಹಾಕಿದವರೇ. ಅವರು 90 ದಿನ ದಾಟಿಸಿದರು, ಒಂದು ವರ್ಷವನ್ನೂ ದಾಟಿಸಿದರು. ಆಮೇಲೆ ತಡ ಮನ್ನಾ ಮಾಡಿ ಅಂತ ಅರ್ಜಿ ಹಾಕಿದರು. ಅದರ ವಿಚಾರಣೆಗೇ ಎರಡು ವರ್ಷ. ಕೊನೆಗೆ ಕೆಲವು ನೂರು ರೂಪಾಯಿ ವೆಚ್ಚ ಹಾಕಿ ತಡ ಮನ್ನಾ ಆಯ್ತು. ಇದು ಕಾನೂನಿಗೆ ವಿರುದ್ಧ ಅಂತ ನಾನು ಹೇಳ್ತಿಲ್ಲ. ಯಾರ ಹಕ್ಕೂ ಬರೀ ತಡದಿಂದ ಮುಳುಗಬಾರದು ಅನ್ನೋದು ಒಳ್ಳೆ ತತ್ವವೇ. ಆ ಉದಾರತೆ ಎಸಿ ಕೋರ್ಟಿನ ಬಾಗಿಲಲ್ಲಿ ನಿಂತ ನಮ್ಮ ಅಜ್ಜಂದಿರ ಹತ್ತಿರ ಬಂದಾಗ ಎಲ್ಲಿ ಹೋಗುತ್ತೆ ಅನ್ನೋದಷ್ಟೇ ನನ್ನ ಪ್ರಶ್ನೆ.

ಆ ಅವ್ವ ನನ್ನ ಕೇಳಿದ ಮಾತು ಇದು: "ತಮ್ಮಾ, ಜಜ್ ಸಾಹೇಬ್ರು ಹೊಲ ನಂದೇ ಅಂತ ಬರ್ದಾರಂತ. ಮತ್ಯಾಕ ಅವ್ರೇ ಬಿತ್ತಾಕತ್ಯಾರ?" ಅಪೀಲು ಅಂದರೇನು, ಸ್ಟೇ ಅಂದರೇನು ಅಂತ ವಿವರಿಸಿದೆ. ಎಲ್ಲಾ ಕೇಳಿಸಿಕೊಂಡು, "ಹಂಗಂದ್ರ ಗೆದ್ದೋರು ನಾವು, ಉಣ್ಣೋರು ಅವ್ರು" ಅಂದಳು. ನಾನು ಅರ್ಧ ಗಂಟೆ ಹೇಳಿದ್ದು ಅವಳ ಒಂದು ಮಾತಿನಲ್ಲಿತ್ತು.

ಬಂಧುಗಳೇ, ಇದೇ ಇಡೀ ವಿಷಯದ ತಿರುಳು. ತಡ ಅಂದರೆ ಇಬ್ಬರಿಗೂ ಸಮಾನ ಕಷ್ಟ ಅಂತ ಜನ ತಿಳೀತಾರೆ. ಅಲ್ಲ. ಹೊಲ ಯಾರ ಕೈಯಲ್ಲಿದೆಯೋ ಅವನಿಗೆ ಪ್ರತಿ ವಾಯಿದೆಯೂ ಒಂದು ಗೆಲುವು. ಹನ್ನೊಂದು ಮುಂಗಾರು ಮೆಕ್ಕೆಜೋಳ ಅವನ ಮನೆಗೆ ಹೋಯ್ತು. ಅವ್ವ ಪ್ರತಿ ವಾಯಿದೆಗೆ ಒಂದು ದಿನದ ಕೂಲಿ ಬಿಟ್ಟು, ಬಸ್ ಚಾರ್ಜ್ ಹಾಕಿಕೊಂಡು ಹೋಗಿ ಕೋರ್ಟಿನ ಕಟ್ಟೆ ಮೇಲೆ ಕೂತು ಬರಬೇಕು. ಹೋಗದೇ ಇದ್ದು, ವಕೀಲರೂ ಇಲ್ಲದೇ ಹೋದರೆ, ಏಕಪಕ್ಷೀಯವಾಗಿ ಅಪೀಲು ಕೇಳಿ ತೀರ್ಪು ಕೊಡಬಹುದು.

ಇಲ್ಲಿ ಕಾನೂನನ್ನೇ ಪೂರ್ತಿ ಬೈಯೋದೂ ಸರಿಯಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ ಆದೇಶ 41, ನಿಯಮ 5 ತೆಗೆದು ನೋಡಿ. ಅಪೀಲು ಹಾಕಿದ ಮಾತ್ರಕ್ಕೆ ಡಿಕ್ರಿಗೆ ತಡೆ ಸಿಗಲ್ಲ ಅಂತ ಸ್ಪಷ್ಟವಾಗಿದೆ. ಸ್ಟೇ ಬೇಕಾದವನು ತಡಮಾಡದೆ ಬಂದಿರಬೇಕು, ಸ್ಟೇ ಇಲ್ಲದಿದ್ದರೆ ಗಣನೀಯ ನಷ್ಟ ಆಗುತ್ತೆ ಅಂತ ತೋರಿಸಬೇಕು, ಭದ್ರತೆ ಕೊಡಬೇಕು. ನಿಮ್ಮ ಊರಿನ ಕೇಸುಗಳಲ್ಲಿ ಸ್ಟೇ ಕೊಡುವಾಗ ಎದುರಿನವರಿಂದ ಏನು ಭದ್ರತೆ ತಗೊಂಡಿದ್ದಾರೆ ಅಂತ ವಕೀಲರನ್ನು ಕೇಳಿ. ಎಷ್ಟೋ ಕಡೆ ಯಾರೂ ಆ ಪ್ರಶ್ನೆಯನ್ನೇ ಎತ್ತಿರಲ್ಲ.

ನ್ಯಾಯಾಧೀಶರನ್ನು ಒಬ್ಬೊಬ್ಬರನ್ನಾಗಿ ಬೈಯೋದೂ ಸುಲಭದ ದಾರಿ. 1987ರಲ್ಲೇ ಕಾನೂನು ಆಯೋಗ ತನ್ನ 120ನೇ ವರದಿಯಲ್ಲಿ ಹತ್ತು ಲಕ್ಷ ಜನಕ್ಕೆ 50 ನ್ಯಾಯಾಧೀಶರು ಬೇಕು ಅಂದಿತ್ತು. 2002ರಲ್ಲಿ ಸುಪ್ರೀಂ ಕೋರ್ಟು ಅದೇ ಮಾತು ಹೇಳಿತು. ಈಗಲೂ ಕೇಂದ್ರ ಸರ್ಕಾರ ಸಂಸತ್ತಿನಲ್ಲಿ ಹೇಳುವ ಸಂಖ್ಯೆ ಸುಮಾರು 21. ಒಬ್ಬ ನ್ಯಾಯಾಧೀಶರ ಮುಂದೆ ಬೆಳಗ್ಗೆ ಇಡುವ ಫೈಲುಗಳ ರಾಶಿ ನೋಡಿದರೆ ಮನುಷ್ಯ ಮಾತ್ರದವರಿಂದ ಆಗಲ್ಲ ಅನಿಸುತ್ತೆ. ಆದರೆ ರಾಶಿ ದೊಡ್ಡದಾದಾಗ ಯಾವ ಫೈಲು ಮೇಲೆ ಬರುತ್ತೆ, ಯಾವುದು ಅಡಿಗೆ ಹೋಗುತ್ತೆ? ಜಾತಿ, ದುಡ್ಡು, ವಕೀಲರ ಹೆಸರು, ಗುರುತು ಪರಿಚಯ ಇವೆಲ್ಲ ಕೆಲಸ ಮಾಡೋದು ಅಲ್ಲಿ. ಯಾರೂ ಕೆಟ್ಟ ಉದ್ದೇಶ ಇಟ್ಟುಕೊಳ್ಳಬೇಕಾಗಿಲ್ಲ. ಕೇಳುವವರಿಲ್ಲದ ಫೈಲು ತಾನಾಗಿಯೇ ಅಡಿಗೆ ಜಾರುತ್ತೆ. ಇದು ನಾನು ಕಚೇರಿಯಲ್ಲಿ ದಿನಾ ನೋಡುವ ಸತ್ಯ.

ಹಾಗಾದರೆ ಕೆಳಗಿನ ಕೋರ್ಟನ್ನು ಕೇಳುವವರು ಯಾರು? ಸಂವಿಧಾನದಲ್ಲಿ ಉತ್ತರ ಇದೆ. 227ನೇ ವಿಧಿ ಪ್ರಕಾರ ತನ್ನ ವ್ಯಾಪ್ತಿಯ ಎಲ್ಲಾ ಕೋರ್ಟು, ನ್ಯಾಯಮಂಡಳಿಗಳ ಮೇಲೆ ಹೈಕೋರ್ಟಿಗೆ ಮೇಲ್ವಿಚಾರಣೆಯ ಅಧಿಕಾರ ಇದೆ. 235ನೇ ವಿಧಿ ಪ್ರಕಾರ ಜಿಲ್ಲಾ ಕೋರ್ಟು ಮತ್ತು ಅದರ ಕೆಳಗಿನ ಕೋರ್ಟುಗಳ ಆಡಳಿತ ನಿಯಂತ್ರಣವೂ ಹೈಕೋರ್ಟಿನದೇ. ಬ್ರಿಟಿಷರ 1935ರ ಕಾಯ್ದೆ ಈ ಮೇಲ್ವಿಚಾರಣೆಯನ್ನು ಬಹುತೇಕ ಆಡಳಿತದ ವಿಷಯಕ್ಕೆ ಕುಗ್ಗಿಸಿತ್ತು. ಬಾಬಾಸಾಹೇಬರು ಕರಡು ಸಮಿತಿಯ ಅಧ್ಯಕ್ಷರಾಗಿ ರೂಪಿಸಿದ ಸಂವಿಧಾನ ಅದನ್ನು ಮತ್ತೆ ವಿಸ್ತರಿಸಿತು. ತುರ್ತು ಪರಿಸ್ಥಿತಿಯ ಕಾಲದ 42ನೇ ತಿದ್ದುಪಡಿ ನ್ಯಾಯಮಂಡಳಿಗಳನ್ನು ಆ ವಿಧಿಯಿಂದ ಹೊರಗಿಟ್ಟಿತು, 44ನೇ ತಿದ್ದುಪಡಿ ವಾಪಸ್ ಸೇರಿಸಿತು. ಅಂದರೆ ಇದು ಅಲಂಕಾರಕ್ಕೆ ಬರೆದ ಸಾಲಲ್ಲ. ಅಧಿಕಾರದಲ್ಲಿ ಇದ್ದವರು ಹೆದರಿ ಕತ್ತರಿಸಲು ನೋಡಿದ ಸಾಲು.

ಈ ವಿಧಿಯಡಿ ವಕೀಲರು ಮಾಡೋದು ಹೀಗೆ. ಹೈಕೋರ್ಟಿನಲ್ಲಿ ಒಂದು ರಿಟ್ ಹಾಕ್ತಾರೆ, ನಮ್ಮ ರಾಜ್ಯದಲ್ಲಿ ಅದಕ್ಕೆ ಜಿಎಂ–ಸಿಪಿಸಿ ಅಂತ ಗುರುತು. ಅಪೀಲು ಇಷ್ಟು ವರ್ಷದಿಂದ ಬಾಕಿ ಇದೆ, ಬೇಗ ಮುಗಿಸಲು ಕೆಳಗಿನ ಕೋರ್ಟಿಗೆ ನಿರ್ದೇಶನ ಕೊಡಿ ಅಂತ ಕೇಳ್ತಾರೆ. "ಆರು ತಿಂಗಳಲ್ಲಿ ಇತ್ಯರ್ಥ ಮಾಡಿ" ಎಂಬ ಒಂದೆರಡು ಪುಟದ ಆದೇಶ ಸಿಕ್ಕರೆ ಫೈಲಿಗೆ ಜೀವ ಬರುತ್ತೆ.

ಆದರೆ ಅಲ್ಲಿವರೆಗೆ ಹೋಗೋದು ಯಾರು? ನಮ್ಮ ಜಿಲ್ಲೆಗೆ ಧಾರವಾಡ ಪೀಠ. 2008ರ ಜುಲೈವರೆಗೆ ಅದೂ ಇರಲಿಲ್ಲ, ಎಲ್ಲದಕ್ಕೂ ಬೆಂಗಳೂರಿಗೇ ಹೋಗಬೇಕಿತ್ತು. ಸಂಚಾರಿ ಪೀಠ 2013ರಲ್ಲಿ ಕಾಯಂ ಆಯ್ತು. ಅದೊಂದು ಹೋರಾಟದ ಗೆಲುವು, ಒಪ್ಪೋಣ. ಆದರೂ ಹೊಸಹಳ್ಳಿಯಿಂದ ಕೂಡ್ಲಿಗಿ, ಹೊಸಪೇಟೆ, ಕೊಪ್ಪಳ, ಗದಗ, ಹುಬ್ಬಳ್ಳಿ ದಾಟಿ ಧಾರವಾಡ ಮುಟ್ಟೋಕೆ ಒಂದು ದಿನ ಬೇಕು. ಹರಪನಹಳ್ಳಿಯವರ ಪಾಡು ಇನ್ನೊಂದು ಥರ. 1997ರವರೆಗೆ ಬಳ್ಳಾರಿ ಜಿಲ್ಲೆ, ಆಮೇಲೆ ಎರಡು ದಶಕ ದಾವಣಗೆರೆ ಜಿಲ್ಲೆ, ಮತ್ತೆ ಬಳ್ಳಾರಿ, 2021ರಿಂದ ವಿಜಯನಗರ. ದಾವಣಗೆರೆಗೆ ಹೈಕೋರ್ಟು ಅಂದರೆ ಬೆಂಗಳೂರು, ಬಳ್ಳಾರಿ–ವಿಜಯನಗರಕ್ಕೆ ಧಾರವಾಡ. ಜಮೀನು ಇದ್ದಲ್ಲೇ ಇದೆ, ಅದರ ನ್ಯಾಯ ಮಾತ್ರ ಊರೂರು ಅಲೆದಿದೆ. ದಾರಿ ಖರ್ಚು, ಹೈಕೋರ್ಟು ವಕೀಲರ ಫೀಸು ಹೊಂದಿಸುವ ಶಕ್ತಿ ಆ ಅವ್ವನ ಹತ್ತಿರ ಇದ್ದಿದ್ದರೆ ಅವಳ ಫೈಲು ಅಡಿಗೆ ಜಾರುತ್ತಲೇ ಇರಲಿಲ್ಲ.

ಈಗ ಬಹಳ ಜನ ಗಮನಿಸದ ಒಂದು ತೀರ್ಪು. 2024ರ ಫೆಬ್ರುವರಿ 29ರಂದು ಸುಪ್ರೀಂ ಕೋರ್ಟಿನ ಐವರ ಸಂವಿಧಾನ ಪೀಠ, ಅಲಹಾಬಾದ್ ಹೈಕೋರ್ಟ್ ವಕೀಲರ ಸಂಘದ ಪ್ರಕರಣದಲ್ಲಿ ಎರಡು ಮಾತು ಹೇಳಿತು. ಸ್ಟೇ ಆದೇಶಗಳು ಆರು ತಿಂಗಳಾದರೆ ತಾವಾಗಿಯೇ ರದ್ದಾಗುತ್ತವೆ ಅಂತ 2018ರಲ್ಲಿ ತಾನೇ ಕೊಟ್ಟಿದ್ದ ತೀರ್ಪು ಸರಿಯಲ್ಲ ಅಂದಿತು. ಜೊತೆಗೆ, ಸಂವಿಧಾನಾತ್ಮಕ ನ್ಯಾಯಾಲಯಗಳು ಸಾಮಾನ್ಯವಾಗಿ ಬೇರೆ ಕೋರ್ಟಿನ ಕೇಸುಗಳಿಗೆ "ಇಷ್ಟು ದಿನದೊಳಗೆ ಮುಗಿಸಿ" ಅಂತ ಗಡುವು ಹಾಕಬಾರದು, ಅಸಾಧಾರಣ ಸಂದರ್ಭ ಇದ್ದರೆ ಮಾತ್ರ ಹಾಕಬಹುದು ಅಂದಿತು. ಮುಖ್ಯ ತೀರ್ಪು ಬರೆದವರು ನ್ಯಾಯಮೂರ್ತಿ ಅಭಯ್ ಓಕಾ, ಹಿಂದೆ ನಮ್ಮ ಕರ್ನಾಟಕ ಹೈಕೋರ್ಟಿನ ಮುಖ್ಯ ನ್ಯಾಯಮೂರ್ತಿ ಆಗಿದ್ದವರು. ಕೊಟ್ಟ ಕಾರಣ ಏನು ಗೊತ್ತಾ? ಕೆಳಗಿನ ಕೋರ್ಟುಗಳಲ್ಲಿ ಹಳೆಯ ಕೇಸುಗಳ ಸರತಿ ಇರುತ್ತೆ. ಮೇಲಿನ ಕೋರ್ಟಿಗೆ ಬರುವ ಶಕ್ತಿ ಇದ್ದವರು ಗಡುವಿನ ಆದೇಶ ತಂದು ಸರತಿ ಹಾರಿ ಮುಂದೆ ಹೋಗ್ತಾರೆ, ಬರಲಾಗದವರು ಹಿಂದೆ ಉಳೀತಾರೆ.

ನ್ಯಾಯಬೆಲೆ ಅಂಗಡಿ ಮುಂದೆ ಸಾಲಿನಲ್ಲಿ ನಿಂತವರಿಗೆ ಇದನ್ನು ಹೊಸದಾಗಿ ಹೇಳಬೇಕಾಗಿಲ್ಲ. ತೀರ್ಪಿನ ಈ ಭಾಗವನ್ನು ನಾನು ಒಪ್ತೀನಿ. ಆದರೆ ಒಪ್ಪಿದ ಮೇಲೆ ಇನ್ನೊಂದು ಪ್ರಶ್ನೆ ಹುಟ್ಟುತ್ತೆ. ಸರತಿ ಹಾರೋದು ತಪ್ಪು, ಸರಿ. ಸರತಿಯೇ ಮುಂದೆ ಸರೀತಿಲ್ಲ ಅಂದರೆ? ಹನ್ನೊಂದು ವರ್ಷದಿಂದ ಸಾಲಿನಲ್ಲಿ ನಿಂತ ಅವ್ವನಿಗೆ "ಸಾಲು ಮುರಿಯಬೇಡ" ಅಂತ ಮಾತ್ರ ಹೇಳಿದರೆ ಅದು ನ್ಯಾಯ ಆಗಲ್ಲ. ಸಾಲನ್ನು ನಡೆಸುವ ಜವಾಬ್ದಾರಿಯನ್ನು ಮೇಲಿನವರು ಹೊರಬೇಕು.

ಅಂದರೆ ಮೇಲ್ವಿಚಾರಣೆ ಅನ್ನೋದು ಅರ್ಜಿ ಹಾಕಿದವನಿಗೆ ಸಿಗುವ ಉಪಕಾರ ಆಗಬಾರದು. ಯಾರೂ ಅರ್ಜಿ ಹಾಕದಿದ್ದರೂ ತಿಂಗಳು ತಿಂಗಳು ನಡೆಯುವ ಕೆಲಸ ಆಗಬೇಕು. ಇದು ನನ್ನ ಕಲ್ಪನೆಯಲ್ಲ, ಈಗಾಗಲೇ ಬರೆದಿಟ್ಟ ನಿಯಮ, ಆದೇಶಗಳಿವೆ. ಕರ್ನಾಟಕದಲ್ಲಿ ಅಧೀನ ನ್ಯಾಯಾಲಯಗಳ ಪ್ರಕರಣ ನಿರ್ವಹಣೆಗೆ 2005ರ ನಿಯಮಗಳಿವೆ. ವಿಭಾಗ, ಘೋಷಣೆ, ಸ್ವಾಧೀನದಂಥ ದಾವೆಗಳನ್ನು 24 ತಿಂಗಳಲ್ಲಿ ಮುಗಿಸಲು ಪ್ರಯತ್ನಿಸಬೇಕು ಅಂತ ಅವು ಹೇಳುತ್ತವೆ. 2023ರ ಅಕ್ಟೋಬರ್‌ನಲ್ಲಿ ಯಶ್‌ಪಾಲ್ ಜೈನ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಐದು ವರ್ಷ ದಾಟಿದ ಕೇಸುಗಳ ಮೇಲೆ ನಿಗಾ ಇಡಿ, ಅಂಕಿಅಂಶ ಜಿಲ್ಲಾ ನ್ಯಾಯಾಧೀಶರ ಮೂಲಕ ಹೈಕೋರ್ಟಿಗೆ ಹೋಗಲಿ, ಅಲ್ಲಿ ಸಮಿತಿ ಕೂತು ಪರಿಶೀಲಿಸಲಿ ಅಂತ ನಿರ್ದೇಶಿಸಿತು. ಆ ಪೀಠದಲ್ಲಿ ಇದ್ದ ನ್ಯಾಯಮೂರ್ತಿ ಅರವಿಂದ್ ಕುಮಾರ್ ನಮ್ಮ ರಾಜ್ಯದವರು. ಆ ಕೇಸು 1982ರಲ್ಲಿ ಹೂಡಿದ ದಾವೆ. ಅದೂ ಸುಪ್ರೀಂ ಕೋರ್ಟು ಮುಟ್ಟಿದ್ದು ಸತ್ತ ಕಕ್ಷಿದಾರರ ಜಾಗಕ್ಕೆ ಯಾರು ಬರಬೇಕು ಎಂಬ ಪ್ರಶ್ನೆಯ ಮೇಲೆ.

ಅಪೀಲು ಮುಗಿದರೂ ಕಷ್ಟ ಮುಗಿಯಲ್ಲ, ಡಿಕ್ರಿ ಅಮಲ್ಜಾರಿ ಆಗಬೇಕು. ಬೆಂಗಳೂರಿನ ಒಂದು ಆಸ್ತಿ ವ್ಯಾಜ್ಯದಿಂದ ಹುಟ್ಟಿದ ರಾಹುಲ್ ಷಾ ಪ್ರಕರಣದಲ್ಲಿ 2021ರಲ್ಲೇ ಸುಪ್ರೀಂ ಕೋರ್ಟು ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳಲ್ಲಿ ಮುಗಿಸಿ ಅಂದಿತ್ತು. 2025ರ ಮಾರ್ಚ್‌ನಲ್ಲಿ ಪೆರಿಯಮ್ಮಾಳ್ ಪ್ರಕರಣದಲ್ಲಿ ಇನ್ನೊಮ್ಮೆ ಹೇಳಿ, ಎಲ್ಲಾ ಹೈಕೋರ್ಟುಗಳಿಂದ ಲೆಕ್ಕ ಕೇಳಿತು. ಅಕ್ಟೋಬರ್‌ನಲ್ಲಿ ಲೆಕ್ಕ ನೋಡಿದರೆ ದೇಶದಲ್ಲಿ 8.82 ಲಕ್ಷ ಅಮಲ್ಜಾರಿ ಅರ್ಜಿ ಬಾಕಿ. ಅಷ್ಟು ಡಿಕ್ರಿಗಳು ಕಾಗದದ ಮೇಲೇ ಕೂತಿವೆ ಅಂತ ಅರ್ಥ. ಇನ್ನೊಂದು ಮಾತು ನಮಗೆ ನೇರ ಸಂಬಂಧಿಸಿದ್ದು. ಆ ದಿನ ಕರ್ನಾಟಕ ಹೈಕೋರ್ಟಿನಿಂದ ಬೇಕಾದ ಮಾಹಿತಿ ಬಂದಿಲ್ಲ ಅಂತ ಸುಪ್ರೀಂ ಕೋರ್ಟು ಹೆಸರು ಹಿಡಿದು ಹೇಳಿ, ರಿಜಿಸ್ಟ್ರಾರ್ ಜನರಲ್ ಅವರಿಂದ ವಿವರಣೆ ಕೇಳಿತು.

ಗುಮಾಸ್ತನಾಗಿ ನನಗೆ ಇದರ ತೂಕ ಗೊತ್ತು. ಮಾಸಿಕ ತಖ್ತೆಯಲ್ಲಿ ಒಂದು ಕಾಲಂ ಇದ್ದರೆ ಆ ಕೆಲಸ ನಡೆಯುತ್ತೆ, ಕಾಲಂ ಇಲ್ಲದಿದ್ದರೆ ನಡೆಯಲ್ಲ. ಮೇಲಿನವರು ಪ್ರತಿ ತಿಂಗಳು ಕೇಳುವ ಫೈಲು ಮೇಜಿನ ಮೇಲಿರುತ್ತೆ. ಕೇಳದ ಫೈಲು ಬೀರುವಿನೊಳಗೆ ಇರುತ್ತೆ.

ಆದರೆ ತಖ್ತೆಯಲ್ಲಿ ಅಪಾಯವೂ ಇದೆ. ಬರೀ ಸಂಖ್ಯೆ ಕೇಳಿದರೆ ಕೆಳಗಿನವರು ಸಂಖ್ಯೆಯನ್ನೇ ಕೊಡ್ತಾರೆ. ಹಳೇ ಅಪೀಲು ಮುಗಿಸಬೇಕಲ್ಲ ಅಂತ ಗೈರುಹಾಜರಿಗೆ ವಜಾ ಮಾಡೋದು, ಮತ್ತೆ ವಿಚಾರಣೆ ಮಾಡಿ ಅಂತ ಮೊದಲ ಕೋರ್ಟಿಗೆ ವಾಪಸ್ ಕಳಿಸೋದು. ತಖ್ತೆಯಲ್ಲಿ ಅದೂ "ಇತ್ಯರ್ಥ". ಅವ್ವನ ಹೊಲಕ್ಕೆ ಅದು ಇನ್ನೊಂದು ಹತ್ತು ವರ್ಷ. ಆದ್ದರಿಂದ ನಮ್ಮ ಬೇಡಿಕೆ "ಬೇಗ ಮುಗಿಸಿ" ಅಂತ ಮಾತ್ರ ಇರಬಾರದು. ಎಷ್ಟು ಹಳೇ ಅಪೀಲುಗಳು ವಾದ ಕೇಳಿ ತೀರ್ಪಾದವು, ಎಷ್ಟು ಗೈರುಹಾಜರಿಗೆ ಬಿದ್ದವು, ಎಷ್ಟು ವಾಪಸ್ ಹೋದವು, ಎಷ್ಟರಲ್ಲಿ ಸ್ಟೇ ಇನ್ನೂ ಜಾರಿಯಲ್ಲಿದೆ ಅಂತ ಬೇರೆ ಬೇರೆಯಾಗಿ ಕೇಳಬೇಕು.

ನಾವು ಏನು ಮಾಡಬಹುದು ಅಂತ ಹೇಳಿ ಮುಗಿಸ್ತೀನಿ. ಒಂದು, ನಿಮ್ಮ ಕೇರಿಯಲ್ಲಿ ಅಪೀಲು ಬಾಕಿ ಇರುವ ಪ್ರತಿ ಮನೆಗೂ ಹೋಗಿ ಕೇಸಿನ ಸಿಎನ್‌ಆರ್ ನಂಬರ್ ಬರೆದುಕೊಳ್ಳಿ, ಹದಿನಾರು ಅಕ್ಷರ–ಅಂಕಿ ಇರುತ್ತೆ. ಇ–ಕೋರ್ಟ್ಸ್ ಆ್ಯಪ್‌ನಲ್ಲಿ ಹಾಕಿದರೆ ಯಾವ ದಿನ ಏನಾಯ್ತು ಅಂತ ಕಾಣುತ್ತೆ. ಎರಡು, ಆರ್ಡರ್ ಶೀಟಿನ ನಕಲು ತೆಗೆಸಿ, ವಕೀಲರ ಜೊತೆ ಕೂತು ಓದಿ. ಶೀಘ್ರ ವಿಚಾರಣೆಗೆ ಅರ್ಜಿ ಹಾಕಿಸಿ, ಸ್ಟೇ ಇದ್ದರೆ ಭದ್ರತೆಯ ಪ್ರಶ್ನೆ ಎತ್ತಿಸಿ. ಮೂರು, ವಕೀಲರಿಗೆ ದುಡ್ಡಿಲ್ಲ ಅನ್ನುವವರಿಗೆ ಹೇಳಿ: 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಂ ಪ್ರಕಾರ ಪರಿಶಿಷ್ಟ ಜಾತಿ, ಪಂಗಡದವರಿಗೆ ಮತ್ತು ಎಲ್ಲಾ ಮಹಿಳೆಯರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರ ನೆರವಿಗೆ ಅರ್ಹತೆ ಇದೆ. ತಾಲ್ಲೂಕು ಸಮಿತಿಯಿಂದ ಹೈಕೋರ್ಟಿನವರೆಗೆ ಸಿಗುತ್ತೆ. ಸಹಾಯವಾಣಿ 15100.

ನಾಲ್ಕನೆಯದು ಒಬ್ಬೊಬ್ಬರಿಂದ ಆಗಲ್ಲ, ಸಂಘಟನೆಯ ಕೆಲಸ. ಐದು ವರ್ಷ ದಾಟಿದ ನಮ್ಮ ಜನರ ಭೂಮಿ ಅಪೀಲುಗಳ ಪಟ್ಟಿಯನ್ನು ತಾಲ್ಲೂಕುವಾರು ಮಾಡೋಣ. ಅದನ್ನು ಪ್ರಧಾನ ಜಿಲ್ಲಾ ನ್ಯಾಯಾಧೀಶರಿಗೂ ಹೈಕೋರ್ಟಿನ ರಿಜಿಸ್ಟ್ರಾರ್ ಜನರಲ್ ಅವರಿಗೂ ಆಡಳಿತಾತ್ಮಕ ಮನವಿಯಾಗಿ ಕೊಡೋಣ. ತೀರ್ಪು ಹೀಗೆ ಕೊಡಿ ಅಂತ ಕೇಳೋದಲ್ಲ, ಅದು ನಮ್ಮ ಕೆಲಸವೂ ಅಲ್ಲ. ಈ ಫೈಲುಗಳು ನಿಮ್ಮ ಮಾಸಿಕ ತಖ್ತೆಯಲ್ಲಿ ಇವೆಯಾ, ನಿಮ್ಮ ಸಮಿತಿ ನೋಡಿದೆಯಾ ಅಂತ ಕೇಳೋದು. ಸ್ವೀಕೃತಿ ತಗೊಳ್ಳೋಣ. ಮೂರು ತಿಂಗಳಿಗೆ ಮತ್ತೆ ಕೇಳೋಣ.

ಕೂಡ್ಲಿಗಿ ತಾಲ್ಲೂಕಿನ ಪಟ್ಟಿ ನಾನು ಶುರು ಮಾಡಿದ್ದೀನಿ. ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿಯಲ್ಲಿ ಯಾರು ಜವಾಬ್ದಾರಿ ತಗೊಳ್ತೀರಿ, ಇನ್‌ಬಾಕ್ಸಿಗೆ ಬರೆಯಿರಿ. ಕೇಸಿನ ವಿವರ, ಹೆಸರು, ನಂಬರ್ ಇಲ್ಲಿ ಕಾಮೆಂಟಿನಲ್ಲಿ ಹಾಕಬೇಡಿ, ಎದುರಿನವರೂ ಓದ್ತಾರೆ. ನಮ್ಮ ಹಿರಿಯರಿಗೆ ಯಾಕೆ ತಡವಾಗಿ ಬಂದಿರಿ ಅಂತ ಕೋರ್ಟುಗಳು ಕೇಳಿವೆ, ಅವರಿಗೆ ಗೊತ್ತಿದ್ದಷ್ಟು ಉತ್ತರ ಹೇಳಿದ್ದಾರೆ. ಅದೇ ಪ್ರಶ್ನೆಯನ್ನು ಮರ್ಯಾದೆಯಿಂದ, ಕಾಗದದಲ್ಲಿ ಬರೆದು, ನಾವೂ ಕೇಳೋಣ.

ಜೈಭೀಮ್.